ಹಸಿರು ಬಾಗಿಲಿನ ವಿಳಾಸ

ನವೆಂಬರ್ ತಿಂಗಳ ಮೊದಲ ಮಂಗಳವಾರ, ಬೆಳಿಗ್ಗೆ ಒಂಬತ್ತು ಗಂಟೆ ಹತ್ತು ನಿಮಿಷಕ್ಕೆ, ಬರ್ಮಿಂಗ್‌ಹ್ಯಾಮ್‌ನಿಂದ ಡರ್ಬಿಗೆ ಹೋಗುವ ದಾರಿಯಲ್ಲಿರುವ ಒಂದು ಕ್ಷೇತ್ರದ ಸಂಸತ್ ಸದಸ್ಯೆಯ ಕಚೇರಿಗೆ ನಾಲ್ಕು ಸಾಲಿನ ಇಮೇಲ್ ಬಂತು. ಅದನ್ನು ಮೊದಲು ಓದಿದವನು ನಾನು. "ಶನಿವಾರ ನೀವು ಎಲ್ಲಿರುತ್ತೀರಿ ಎಂದು ನನಗೆ ಗೊತ್ತು. ಹತ್ತೂವರೆ ಗಂಟೆ. ಅಡುಗೆಮನೆ ಪಕ್ಕದ ಹಸಿರು ಬಾಗಿಲು. ಈ ಸಲ ನೀವು ಕೇಳಿಸಿಕೊಳ್ಳಲೇಬೇಕು." ಅಷ್ಟೇ ಇತ್ತು.

ಕೆಳಗೆ ಹೆಸರಿರಲಿಲ್ಲ. ಬೈಗುಳವೂ ಇರಲಿಲ್ಲ. ಹೆದರಿಕೆ ಶುರುವಾದದ್ದು ಅಲ್ಲಿಂದ. ಬೈಗುಳದ ಪತ್ರಗಳು ಆ ಕಚೇರಿಗೆ ದಿನವೂ ಬರುತ್ತಿದ್ದವು, ಅವನ್ನು ಒಂದು ಕಡತಕ್ಕೆ ಸೇರಿಸಿ ಮುಂದಿನ ಕೆಲಸ ನೋಡುವುದು ನಮಗೆ ರೂಢಿಯಾಗಿತ್ತು. ಬೈಯುವವರು ಸಾಮಾನ್ಯವಾಗಿ ಬಾಗಿಲಿನ ಬಣ್ಣ ತಿಳಿದುಕೊಂಡಿರುವುದಿಲ್ಲ.

ಆ ಬಾಗಿಲು ಹಸಿರು ಎಂದು ಎರಡು ದಿನ ಮೊದಲು ಬರೆದವನು ನಾನೇ.

ನಾನು ಹದಿನಾರು ವರ್ಷ ಹುಬ್ಬಳ್ಳಿಯ ಒಂದು ದಿನಪತ್ರಿಕೆಯ ಡೆಸ್ಕಿನಲ್ಲಿದ್ದವನು. ಹೆಂಡತಿ ಅರಿವಳಿಕೆ ವೈದ್ಯೆ. ಅವಳಿಗೆ ಇಲ್ಲಿನ ಸರ್ಕಾರಿ ಆಸ್ಪತ್ರೆಯಲ್ಲಿ ಕೆಲಸ ಸಿಕ್ಕಿದ್ದರಿಂದ ಈ ದೇಶಕ್ಕೆ ಬಂದೆವು, ಸಟನ್ ಕೋಲ್ಡ್‌ಫೀಲ್ಡ್‌ನಲ್ಲಿ ಮನೆ ಮಾಡಿದೆವು. ಕನ್ನಡ ಪತ್ರಿಕೆಯ ಉಪಸಂಪಾದಕನಿಗೆ ಬರ್ಮಿಂಗ್‌ಹ್ಯಾಮ್‌ನಲ್ಲಿ ಯಾವ ಕೆಲಸವೂ ಕಾದಿರುವುದಿಲ್ಲ. ಕೆಲವು ವರ್ಷ ಗ್ರಂಥಾಲಯದಲ್ಲಿದ್ದೆ. ಆಮೇಲೆ ಈ ಸಂಸದೆಯ ಕಚೇರಿಯಲ್ಲಿ ಜನರ ಅಹವಾಲುಗಳನ್ನು ಬರೆದುಕೊಂಡು, ಸಂಬಂಧಪಟ್ಟ ಇಲಾಖೆಗಳಿಗೆ ಪತ್ರ ಬರೆಯುವ ಕೆಲಸ ಸಿಕ್ಕಿತು. ವೀಸಾ, ಕೌನ್ಸಿಲ್ ಟ್ಯಾಕ್ಸ್, ಮನೆಯ ಗೋಡೆಯ ತೇವ, ಸಿಗದ ಜಿಪಿ ವೈದ್ಯರ ಅಪಾಯಿಂಟ್‌ಮೆಂಟ್. ಯಾರು, ಏನು, ಎಲ್ಲಿ, ಯಾವಾಗ, ಯಾಕೆ ಎಂದು ಕೇಳಿ ಬರೆದುಕೊಳ್ಳುವುದು ನನಗೆ ಹೊಸದಾಗಿರಲಿಲ್ಲ.

ಸಂಸದೆ ಇದೇ ಸೀಮೆಯವರು. ತಂದೆ ಡರ್ಬಿಯ ವಿಮಾನ ಎಂಜಿನ್ ಕಾರ್ಖಾನೆಯಲ್ಲಿ ಲೇತ್ ನಡೆಸುತ್ತಿದ್ದರು, ತಾಯಿ ಶಾಲೆಯೊಂದರ ಊಟದ ಮನೆಯಲ್ಲಿ ಬಡಿಸುತ್ತಿದ್ದರು. ಅವರು ಹನ್ನೆರಡು ವರ್ಷ ಪ್ರೌಢಶಾಲೆಯಲ್ಲಿ ಭೂಗೋಳ ಕಲಿಸಿದರು. ತಮ್ಮ ಓಣಿಯ ಬಸ್ಸು ನಿಂತುಹೋದಾಗ ಸಹಿ ಸಂಗ್ರಹಿಸಲು ಹೊರಟವರು ಕೌನ್ಸಿಲ್ ಸದಸ್ಯೆಯಾಗಿಬಿಟ್ಟರು. ಸಂಸತ್ ಚುನಾವಣೆಯಲ್ಲಿ ಒಮ್ಮೆ ಸೋತರು, ಎರಡನೆಯ ಸಲ ಗೆದ್ದರು. ಸಂಸತ್ತಿನಲ್ಲಿ ಅವರ ಮೊದಲ ಭಾಷಣ ಕೂಡ ಬಸ್ಸಿನ ಬಗ್ಗೆಯೇ. ಮಂತ್ರಿಯಾಗಲಿಲ್ಲ, ಆಗುವ ಆತುರವೂ ಇದ್ದಂತಿರಲಿಲ್ಲ. ಸೋಮವಾರ ರೈಲಿನಲ್ಲಿ ಲಂಡನ್ನಿಗೆ ಹೋಗಿ ಗುರುವಾರ ವಾಪಸಾಗುತ್ತಿದ್ದರು. ಶುಕ್ರವಾರ ಅಥವಾ ಶನಿವಾರ ಕ್ಷೇತ್ರದ ಯಾವುದಾದರೂ ಸಭಾಂಗಣದಲ್ಲಿ ಮೇಜು ಹಾಕಿಕೊಂಡು ಕೂತು ಜನರನ್ನು ಒಬ್ಬೊಬ್ಬರಾಗಿ ಕಾಣುತ್ತಿದ್ದರು. ಇಲ್ಲಿ ಅಂಥ ಭೇಟಿಗೆ ಸರ್ಜರಿ ಎನ್ನುತ್ತಾರೆ. ಕಚೇರಿಯಲ್ಲಿ ಎಲ್ಲರೂ ಅವರನ್ನು ಹೆಸರು ಹಿಡಿದು ಕರೆಯುತ್ತಿದ್ದರು. ನನ್ನ ಬಾಯಿಗೆ ಅದು ಬರಲಿಲ್ಲ, ಮೇಡಂ ಎಂದೆ. ಮೊದಲ ತಿಂಗಳು ಬೇಡವೆಂದರು, ಆಮೇಲೆ ಬಿಟ್ಟುಬಿಟ್ಟರು.

ನಾನು ಸೇರುವ ಹೊತ್ತಿಗೆ ಹೆದರಿಕೆ ಆ ಕಚೇರಿಯ ಸಾಮಾನುಗಳ ಜೊತೆ ಬೆರೆತುಹೋಗಿತ್ತು. ಕಿಟಕಿಯ ಗಾಜಿಗೆ ಒಡೆದರೂ ಚೂರಾಗದಂತೆ ತಡೆಯುವ ಹಾಳೆ ಅಂಟಿಸಿದ್ದರು. ಬೀದಿಯ ಬಾಗಿಲಿಗೆ ಎರಡು ಬೀಗ. ನಮ್ಮೆಲ್ಲರ ಕೊರಳಲ್ಲಿ ಗುರುತಿನ ಚೀಟಿಯ ಹಿಂದೆ ಬೆರಳಗಲದ ಗುಂಡಿಯಿರುವ ಒಂದು ಸಾಧನ, ಒತ್ತಿದರೆ ಪೊಲೀಸರಿಗೆ ನಾವಿರುವ ಸ್ಥಳ ತಿಳಿಯುತ್ತಿತ್ತು. ಸರ್ಜರಿಯಲ್ಲಿ ಮೇಡಂ ಯಾವಾಗಲೂ ಬಾಗಿಲಿಗೆ ಹತ್ತಿರದ ಕುರ್ಚಿಯಲ್ಲಿ ಕೂರುತ್ತಿದ್ದರು. ಬಂದವರದು ಒಳಗಿನ ಕುರ್ಚಿ. ಓಡಬೇಕಾದರೆ ನಡುವೆ ಯಾರೂ ಇರಬಾರದು. ಈ ದೇಶದಲ್ಲಿ ಇಂಥ ಭೇಟಿಗೆಂದು ಹೊರಟ, ಇಂಥ ಭೇಟಿಗೆ ಕೂತ ಸಂಸದರು ಕೊಲೆಯಾಗಿದ್ದಾರೆ. ಅದನ್ನು ಕಚೇರಿಯಲ್ಲಿ ಯಾರೂ ಬಾಯಿಬಿಟ್ಟು ಹೇಳುತ್ತಿರಲಿಲ್ಲ. ಎಲ್ಲ ನಿಯಮಗಳೂ ಅದನ್ನೇ ಹೇಳುತ್ತಿದ್ದವು.

ನಿಯಮಗಳಲ್ಲಿ ಮೊದಲನೆಯದು ಸ್ಥಳ ಪ್ರಕಟಿಸಬಾರದು ಎಂಬುದು. ದಿನ ಹೇಳಬಹುದು. ಭೇಟಿ ಬೇಕಾದವರು ಹೆಸರು, ಪೋಸ್ಟ್‌ಕೋಡ್, ವಿಷಯ ಬರೆದು ಕಳುಹಿಸಬೇಕು. ನಾವು ಪರಿಶೀಲಿಸಿ, ಹಿಂದಿನ ದಿನ ಸಂಜೆ ಅವರೊಬ್ಬರಿಗೆ ಮಾತ್ರ ಸ್ಥಳ ತಿಳಿಸುತ್ತಿದ್ದೆವು.

ಆ ಶನಿವಾರದ ಸರ್ಜರಿ ನಿಗದಿಯಾದದ್ದು ನಮ್ಮ ಬಳಗದಿಂದಾಗಿ. ಧಾರವಾಡ, ಬಾಗಲಕೋಟೆ, ವಿಜಯಪುರ ಕಡೆಯ ಐವತ್ತು ಅರವತ್ತು ಶರಣ ಕುಟುಂಬಗಳು ಈ ಭಾಗದಲ್ಲಿವೆ. ಹೆಚ್ಚಿನವರು ವೈದ್ಯರು, ಎಂಜಿನಿಯರುಗಳು. ತಿಂಗಳಿಗೊಂದು ಶನಿವಾರ ಒಂದು ಚರ್ಚಿನ ಸಭಾಂಗಣ ಬಾಡಿಗೆ ಹಿಡಿದು ವಚನ ಹಾಡುತ್ತೇವೆ, ಮಾತಾಡುತ್ತೇವೆ, ಕೂಡಿ ಊಟ ಮಾಡುತ್ತೇವೆ. ತಂದೆತಾಯಿಯ ವೀಸಾ, ಹೊಸದಾಗಿ ಬಂದ ವೈದ್ಯರ ನೋಂದಣಿ ಎಂದು ಬಳಗದ ಅನೇಕರಿಗೆ ಸಂಸದೆಯ ಹತ್ತಿರ ಕೆಲಸವಿತ್ತು. ನಾನೇ ಸೂಚಿಸಿದೆ: ಸಭಾಂಗಣದ ಪಕ್ಕದ ಚಿಕ್ಕ ಕೋಣೆಯಲ್ಲಿ ಹತ್ತೂವರೆಯಿಂದ ಸರ್ಜರಿ, ಆಮೇಲೆ ನಮ್ಮ ಜೊತೆ ಊಟ. ಮೇಡಂ ಒಪ್ಪಿದರು.

ಭಾನುವಾರ ಮಧ್ಯಾಹ್ನ ಬಳಗದ ವಾಟ್ಸಾಪ್ ಗುಂಪಿಗೆ ಕನ್ನಡದಲ್ಲಿ ಪ್ರಕಟಣೆ ಬರೆಯಲು ಕೂತೆ. ನಿಯಮದ ಪ್ರಕಾರ ಬರೆದೆ, ಓದಿದೆ. ಯಾರು ಬರುತ್ತಾರೆ ಎಂದಿತ್ತು. ಏಕೆ ಎಂದಿತ್ತು. ಯಾವ ದಿನ ಎಂದಿತ್ತು. ಎಲ್ಲಿ ಎಂಬುದು ಇರಲಿಲ್ಲ. ಆ ಸಲ ಬಳಗ ಮೊದಲಿನ ಸಭಾಂಗಣ ಬಿಟ್ಟು ಬೇರೆಯದನ್ನು ಹಿಡಿದಿತ್ತು, ಹಾಗಾಗಿ ಊಟಕ್ಕೆ ಬರುವವರಿಗೂ ಸ್ಥಳ ಬೇಕಿತ್ತು. ಆದರೆ ಅದು ನಾನು ಆಮೇಲೆ ಹುಡುಕಿಕೊಂಡ ಸಮಜಾಯಿಷಿ. ಆ ಕ್ಷಣದಲ್ಲಿ ಕೇಳಿಸಿದ್ದು ಹುಬ್ಬಳ್ಳಿಯ ನಮ್ಮ ಸುದ್ದಿ ಸಂಪಾದಕರ ದನಿ. ಸ್ಥಳವಿಲ್ಲದ ಸುದ್ದಿ ಕೈಗೆ ಬಂದರೆ ಅವರು ಹಾಳೆಯನ್ನು ಮೇಜಿನಾಚೆಗೆ ಎಸೆಯುತ್ತಿದ್ದರು: "ಎಲ್ಲಿ ಅಂತ ನಿಮ್ಮಪ್ಪ ಬಂದು ಹೇಳ್ತಾನೇನಲೇ ಓದೋರಿಗೆ?"

ಸ್ಥಳ ಸೇರಿಸಿದೆ. ಇಲ್ಲಿ ಓಣಿಯನ್ನೇ ತೋರಿಸಿಕೊಡುವ ಪೋಸ್ಟ್‌ಕೋಡ್ ಸೇರಿಸಿದೆ. ಹಿಂದಿನ ವಾರ ಕೋಣೆ ನೋಡಲು ಹೋದಾಗ ಮುಂಬಾಗಿಲು ತೇವಕ್ಕೆ ಉಬ್ಬಿ ತೆರೆಯಲು ಕಷ್ಟವಾಗಿದ್ದು ನೆನಪಾಗಿ, ಕಾರ್ ಪಾರ್ಕ್ ಕಡೆಯಿಂದ, ಅಡುಗೆಮನೆ ಪಕ್ಕದ ಹಸಿರು ಬಾಗಿಲಿನಿಂದ ಬನ್ನಿ ಎಂಬ ಸಾಲನ್ನೂ ಸೇರಿಸಿದೆ. ಅಳುಕು ಆಗಲಿಲ್ಲ ಎಂದರೆ ಸುಳ್ಳಾದೀತು. ಆದರೆ ಬರೆದದ್ದು ಕನ್ನಡದಲ್ಲಿ, ನಮ್ಮವರ ಗುಂಪಿನಲ್ಲಿ. ಈ ಊರಿನಲ್ಲಿ ಕನ್ನಡ ಅಕ್ಷರ ಬೀಗವಿದ್ದ ಹಾಗೆ ಎಂದು ನಾನು ನಂಬಿದ್ದೆ.

ಮಂಗಳವಾರ ಇಮೇಲ್ ಓದಿದ ಕೂಡಲೇ ಕಚೇರಿಯ ವ್ಯವಸ್ಥಾಪಕಿಗೆ ತೋರಿಸಿದೆ. ಅವರು ಇಂಗ್ಲಿಷ್ ಹೆಂಗಸು, ಮೇಡಂ ಕೌನ್ಸಿಲ್ ಸದಸ್ಯೆಯಾಗಿದ್ದ ಕಾಲದಿಂದ ಜೊತೆಗಿದ್ದವರು. ಎರಡು ಸಲ ಓದಿ ಕನ್ನಡಕ ತೆಗೆದಿಟ್ಟರು. ಲಂಡನ್ನಿನಲ್ಲಿದ್ದ ಮೇಡಂಗೂ ಸಂಸದರ ಭದ್ರತೆ ನೋಡಿಕೊಳ್ಳುವ ಪೊಲೀಸ್ ಅಧಿಕಾರಿಗೂ ಫೋನ್ ಹೋಯಿತು, ಶನಿವಾರದ ವಿಷಯ ಗುರುವಾರ ತೀರ್ಮಾನಿಸುವುದೆಂದಾಯಿತು. ಆಮೇಲೆ ನನ್ನ ಕಡೆ ತಿರುಗಿ ಕೇಳಿದರು:

"ಈ ಸ್ಥಳ ಯಾರಿಗೆಲ್ಲ ಗೊತ್ತು?"

"ಮೇಡಂಗೆ, ನಿಮಗೆ, ನನಗೆ. ಸಭಾಂಗಣದ ಕಾವಲುಗಾರನಿಗೆ. ನಮ್ಮ ಬಳಗದವರಿಗೆ."

"ನಿಮ್ಮವರು ಡಾಕ್ಟರುಗಳು. ಅವರಿಂದ ಹೋಗಿರಲ್ಲ." ಸ್ವಲ್ಪ ಯೋಚಿಸಿದರು. "ಕಾವಲುಗಾರ. ಹಸಿರು ಬಾಗಿಲು ಅಂತೆ. ಆ ಕಟ್ಟಡದ ಹಿಂಬದಿ ಅವನಿಗಲ್ಲದೆ ಯಾರಿಗೆ ಗೊತ್ತಿರುತ್ತೆ? ಸಂಜೆ ಪಬ್‌ನಲ್ಲಿ ಕೂತು ಎಲ್ಲರಿಗೂ ಹೇಳಿರ್ತಾನೆ."

ಪ್ರಕಟಣೆಯ ಮಾತು ನಾನು ಎತ್ತಲಿಲ್ಲ. ಮಧ್ಯಾಹ್ನದೊಳಗೆ ಚರ್ಚಿನವರು ಆ ಕಾವಲುಗಾರನಿಂದ ಕೀಲಿಗೊಂಚಲು ವಾಪಸು ಪಡೆದರು. ಆತನಿಗೆ ಎಪ್ಪತ್ತರ ಹತ್ತಿರ. ನಾನು ಕೋಣೆ ನೋಡಲು ಹೋದಾಗ ಆ ಉಬ್ಬಿದ ಬಾಗಿಲನ್ನು ಭುಜ ಕೊಟ್ಟು ತೆರೆದವನು ಆತನೇ.

ಊಟದ ಬಿಡುವಿನಲ್ಲಿ ಕಚೇರಿಯ ಹಿಂದಿನ ಓಣಿಗೆ ಹೋಗಿ ಬಳಗದ ಅಧ್ಯಕ್ಷರ ಮನೆಗೆ ಫೋನ್ ಮಾಡಿದೆ. ಅಧ್ಯಕ್ಷರು ನಿವೃತ್ತ ವೈದ್ಯರು, ಬಾಗಲಕೋಟೆ ಕಡೆಯವರು. ಬಳಗ ನಿಜವಾಗಿ ನಡೆಯುವುದು ಅವರ ಹೆಂಡತಿಯಿಂದ. ಅವರನ್ನು ಎಲ್ಲರೂ ಅಕ್ಕಾರ ಎನ್ನುತ್ತಾರೆ. ಅವರೇ ಎತ್ತಿದರು.

"ಅಕ್ಕಾರ, ಭಾನುವಾರ ನಾ ಗ್ರೂಪಿನ್ಯಾಗ ಹಾಕಿದ್ನಲ್ಲ, ಅದನ್ನ ಯಾರರ ಇಂಗ್ಲಿಷ್‌ನ್ಯಾಗ ಬರದಾರೇನ್ರಿ?"

"ಯಾರ್ ಬರೀತಾರ್ರಿ, ನಾನ ಬರದೀನಿ. ನಮ್ಮ ಹುಡುಗ್ರಿಗೆ ಕನ್ನಡಾ ಓದಾಕ ಎಲ್ಲಿ ಬರ್ತೈತಿ? ಪ್ರತಿ ಸಲಾನೂ ನಾನ ಬರೀತೀನಲ್ರಿ ಕೆಳಗ."

"ಗ್ರೂಪಿನ್ಯಾಗ ಅಷ್ಟ ಹಾಕೀರೇನು?"

"ಗ್ರೂಪಿನ್ಯಾಗ ಹಾಕೀನಿ. ಆಮ್ಯಾಲೆ ಈ ಕಡೆ ಓಣಿ ಮಂದಿದು ಒಂದ್ ಫೇಸ್‌ಬುಕ್ ಪೇಜ್ ಐತಲ್ರಿ, ಕಳದ ಬೆಕ್ಕು, ಕಸದ ಡಬ್ಬಿ ಅಂತ ಬರೀತಾರಲ್ಲ, ಅದ್ರಾಗೂ ಹಾಕೀನಿ. ಎಲ್ಲಾರೂ ಊಟಕ್ಕ ಬರ್ರಿ ಅಂತ. ಹೊಸಾ ಹಾಲ್ ಹಿಡದೀವಿ, ಅಕ್ಕಪಕ್ಕದವ್ರನ್ನ ಕರೀಬೇಕೋ ಬ್ಯಾಡೋ? ದಾಸೋಹ ಅಂದ್ರ ಬಾಗಲದಾಗ ಪಟ್ಟಿ ಹಿಡ್ಕೊಂಡು ನಿಂದ್ರೂದಲ್ರಿ." ಆಮೇಲೆ ದನಿ ಸ್ವಲ್ಪ ಇಳಿಯಿತು. "ಯಾಕ್ರಿ, ತಪ್ಪಾತೇನು?"

"ಇಲ್ರಿ ಅಕ್ಕಾರ."

"ಭಾಳ ಮಂದಿ ಲೈಕ್ ಒತ್ಯಾರ. ನೀವು ಪೇಪರಿನವ್ರು ನೋಡ್ರಿ, ಬಾಗಲದ ಬಣ್ಣಾನೂ ಬಿಟ್ಟಿಲ್ಲ!" ಎಂದು ನಕ್ಕರು.

ನಾನು ಆ ಪುಟ ತೆರೆದು ನೋಡಿದೆ. ನನ್ನ ಪ್ರಕಟಣೆ ಸಾಲಿಗೆ ಸಾಲು ಇಂಗ್ಲಿಷಿನಲ್ಲಿತ್ತು. ಸಂಸದೆಯ ಹೆಸರು, ದಿನ, ಹೊತ್ತು, ಪೋಸ್ಟ್‌ಕೋಡ್, ಬಾಗಿಲು. ಕೊನೆಗೆ ಅಕ್ಕಾರ ಎರಡು ಕೈಮುಗಿದ ಚಿತ್ರ ಹಾಕಿದ್ದರು. ಆ ಪುಟ ಯಾರು ಬೇಕಾದರೂ ನೋಡಬಹುದಾದದ್ದು. ಮತ್ತೆ ಫೋನ್ ಮಾಡಿ, ಹೊಸ ಸಭಾಂಗಣದಲ್ಲಿ ಜಾಗ ಕಡಿಮೆ ಎಂದು ಸುಳ್ಳು ಹೇಳಿ ಅದನ್ನು ತೆಗೆಸಿದೆ. ತೆಗೆದದ್ದರಿಂದ ಓದಿದವರ ತಲೆಯಿಂದ ಏನೂ ಹೋಗುವುದಿಲ್ಲ ಎಂದು ನನಗೆ ತಿಳಿದಿತ್ತು. ಅಚ್ಚಾದ ತಪ್ಪಿಗೆ ಮರುದಿನ ತಿದ್ದುಪಡಿ ಹಾಕಿದ ಅನುಭವ ನನಗಿತ್ತು. ಇದಕ್ಕೆ ತಿದ್ದುಪಡಿ ಹಾಕುವ ಜಾಗ ಇರಲಿಲ್ಲ.

ಬುಧವಾರವೂ ಕಚೇರಿಯಲ್ಲಿ ಹೇಳಲಿಲ್ಲ. ಕಾರಣ ದೊಡ್ಡದಲ್ಲ, ಹೇಳಲು ಹೆದರಿಕೆಯಾಯಿತು. ಕೆಲಸ ಹೋಗುವ ಹೆದರಿಕೆ ಒಂದು. ನಾನು ಹೇಳಿದರೆ ಅದು ಖಚಿತವಾಗುತ್ತದೆ ಎಂಬ ಹೆದರಿಕೆ ಇನ್ನೊಂದು, ಅದೇ ದೊಡ್ಡದು. ಕಾವಲುಗಾರ ಪಬ್‌ನಲ್ಲಿ ಆಡಿದ ಮಾತಾಗಿದ್ದರೆ ಆ ಇಮೇಲ್ ಯಾವನೋ ಕುಡುಕನ ಮಾತಾಗಿರಬಹುದಿತ್ತು. ನನ್ನ ಪ್ರಕಟಣೆಯನ್ನು ಓದಿದವನೆಂದರೆ ಕೂತು ಓದಿದ್ದಾನೆ, ಗುರುತು ಮಾಡಿಕೊಂಡಿದ್ದಾನೆ, ಕಾರ್ ಪಾರ್ಕಿಗೆ ಬಂದು ಬಾಗಿಲನ್ನೂ ನೋಡಿ ಹೋಗಿರಬಹುದು. ಆ ದಿನ ಕಚೇರಿಗೆ ಬಂದ ಪ್ರತಿಯೊಬ್ಬರ ಕೈಯನ್ನೂ ನೋಡುತ್ತಿದ್ದೆ. ಒಬ್ಬ ಹೆಂಗಸು ಕರವಸ್ತ್ರ ತೆಗೆಯಲು ಚೀಲಕ್ಕೆ ಕೈ ಹಾಕಿದಾಗ ನನ್ನ ಬೆರಳು ಕೊರಳಿನ ಗುಂಡಿಯ ಮೇಲಿತ್ತು.

ಸಂಜೆ ಹೆಂಡತಿ ಕೆಲಸದಿಂದ ಬಂದಾಗ ಚಹಾ ಕೊಟ್ಟು ಎಲ್ಲವನ್ನೂ ಹೇಳಿದೆ. ಅವಳು ಕೋಟು ಕೂಡ ತೆಗೆಯದೆ ಕೇಳಿಸಿಕೊಂಡಳು.

"ಮೇಡಂಗ ಹೇಳಿದ್ರೇನು?"

"ಇಲ್ಲ."

"ಯಾವಾಗ ಹೇಳಾವ್ರಿದ್ದೀರಿ?"

"ಶನಿವಾರ ಒಂದ್ ಆಗಿಹೋಗ್ಲಿ ಅಂತ..."

"ಏನಂದ್ರಿ?" ಚಹಾದ ಕಪ್ ಕೆಳಗಿಟ್ಟಳು. "ಥಿಯೇಟರಿನ್ಯಾಗ ನಾ ಡೋಸ್ ತಪ್ಪಿದ್ರ, ಆಪರೇಷನ್ ಮುಗೀಲಿ, ಆಮ್ಯಾಲೆ ಹೇಳೋಣು ಅಂತ ಕುಂದರ್ತೀನೇನ್ರಿ? ಆಗಿಂದಾಗ ಬಾಯಿ ತಗದು ಹೇಳಬೇಕು. ಪೇಷಂಟಿನ ಎದೀ ಬಡಿಯೂತನಾ ಹೇಳಿದ್ರ ಉಪಯೋಗ. ನಿಂತ ಮ್ಯಾಲೆ ಹೇಳಿದ್ರ ಅದು ರಿಪೋರ್ಟು."

ಗುರುವಾರ ಮಧ್ಯಾಹ್ನ ಮೂರರ ರೈಲಿಗೆ ಮೇಡಂ ಬಂದರು. ಕಚೇರಿಯ ಒಳಗಿನ ಕೋಣೆಯಲ್ಲಿ ವ್ಯವಸ್ಥಾಪಕಿಯೂ ಇದ್ದರು. ನಾನು ನಿಂತೇ ಹೇಳಿದೆ, ಭಾನುವಾರದಿಂದ ಶುರುಮಾಡಿ ಕ್ರಮವಾಗಿ. ಪ್ರಕಟಣೆಯ ಎರಡೂ ಪ್ರತಿಗಳನ್ನು ಮೇಜಿನ ಮೇಲಿಟ್ಟೆ. ಮೇಡಂ ಕನ್ನಡದ ಪ್ರತಿಯನ್ನೇ ಬಹಳ ಹೊತ್ತು ನೋಡಿದರು, ಅದರಲ್ಲಿ ಅವರಿಗೆ ಓದಲು ಬರುತ್ತಿದ್ದುದು ಪೋಸ್ಟ್‌ಕೋಡ್ ಒಂದೇ.

"ಎರಡು ದಿನ," ಎಂದರು ವ್ಯವಸ್ಥಾಪಕಿ. "ಎರಡು ದಿನ ಆ ಮುದುಕ ಕೀಲಿ ಇಲ್ಲದೆ ಕೂತಿದ್ದಾನೆ. ನಾನು ಅವನ ಮೇಲೆ ಹೇಳಿದೆ. ನೀವು ನಿಂತು ಕೇಳಿಸಿಕೊಂಡಿರಿ."

"ಹೌದು," ಎಂದೆ.

ಮೇಡಂ ಅವರನ್ನು ತಡೆದರು. "ಯಾಕೆ ಸೇರಿಸಿದಿರಿ ಸ್ಥಳಾನ?"

ಹುಬ್ಬಳ್ಳಿಯ ಸುದ್ದಿ ಸಂಪಾದಕರ ಮಾತನ್ನು ಹೇಳಿದೆ. ಅದನ್ನು ಇಂಗ್ಲಿಷಿನಲ್ಲಿ ಹೇಳುವಾಗ ಬರೀ ಮೂರ್ಖತನವಾಗಿ ಕೇಳಿಸಿತು.

ಮೇಡಂ ನಗಲಿಲ್ಲ. "ಎಲ್ಲಿ ಅನ್ನೋದೇ ನಾನು ಹನ್ನೆರಡು ವರ್ಷ ಪಾಠ ಮಾಡಿದ್ದು. ವರ್ಷದ ಮೊದಲ ದಿನ ಮಕ್ಕಳಿಗೆ ಅವರವರ ಮನೆಯಿಂದ ಶಾಲೆಗೆ ನಕ್ಷೆ ಬರೆಯೋಕೆ ಹೇಳ್ತಿದ್ದೆ. ಈಗ ನನ್ನ ಮಗಳ ಶಾಲೆ ಯಾವುದು ಅಂತ ಯಾರಾದರೂ ಕೇಳಿದರೆ ಸುಳ್ಳು ಹೇಳ್ತೀನಿ." ಎದ್ದು ಹೋಗಿ ಬೀದಿಯ ಬಾಗಿಲಿನ ಎರಡೂ ಬೀಗಗಳನ್ನು ಎಳೆದು ನೋಡಿ ಬಂದು ಕೂತರು. ಅಲ್ಲಿಯವರೆಗೆ ಅವರ ಹೆದರಿಕೆಯನ್ನು ನಾನು ನಿಯಮಗಳಲ್ಲಿ ಮಾತ್ರ ಕಂಡಿದ್ದೆ.

"ಅನುವಾದ ಮಾಡಿದ ಆ ಹೆಂಗಸಿಗೆ ಇಮೇಲ್ ವಿಷಯ ಹೇಳಿದೀರಾ?"

"ಇಲ್ಲ."

"ಹೇಳಬೇಡಿ. ಆಮೇಲೆ ಅವರು ಯಾರನ್ನೂ ಊಟಕ್ಕೆ ಕರೆಯಲ್ಲ."

ನನ್ನೆದುರಿಗೇ ಅವರು ಚರ್ಚಿನವರಿಗೆ ಫೋನ್ ಮಾಡಿ, ತಪ್ಪು ತಮ್ಮ ಕಚೇರಿಯದು ಎಂದು ಹೇಳಿ, ಕಾವಲುಗಾರನಿಗೆ ಕೀಲಿ ವಾಪಸು ಕೊಡಿಸಿದರು. ಆಮೇಲೆ ಪೊಲೀಸ್ ಅಧಿಕಾರಿಗೆ ಮಾಡಿದರು. ಶನಿವಾರ ಅಲ್ಲಿಗೆ ಹೋಗಬೇಡಿ ಎಂಬ ಸಲಹೆ ಬಂತು. ಹೋಗುವುದಿಲ್ಲ ಎಂದರು. ಭೇಟಿ ಕೇಳಿದವರ ಜೊತೆ ಫೋನಿನಲ್ಲೇ ಮಾತಾಡುವುದೆಂದಾಯಿತು. ಸಭೆಯನ್ನು ರದ್ದುಮಾಡುವುದು ಒಳ್ಳೆಯದೆಂದು ಅಧಿಕಾರಿ ಹೇಳಿದ್ದನ್ನು ನಾನು ಬಳಗದ ಅಧ್ಯಕ್ಷರಿಗೆ ತಿಳಿಸಿದೆ, ಅವರೊಬ್ಬರಿಗೆ ಮಾತ್ರ ಕಾರಣವನ್ನೂ ಹೇಳಿದೆ.

"ಮೇಡಂ ಬರೂದಿಲ್ಲಂದ್ರ ಅಂವಗ ಅಲ್ಲೇನು ಕೆಲಸ?" ಎಂದರು ಅಧ್ಯಕ್ಷರು. "ಹುಗ್ಗಿಗೆ ಗೋದಿ ನೆನಿ ಹಾಕ್ಯಾಳ ನಿಮ್ಮ ಅಕ್ಕಾರ. ಮಂದಿ ಡರ್ಬಿಯಿಂದ, ಅಷ್ಟ್ ದೂರ ವಿದನ್‌ಶಾ ಊರಿಂದ ಹೊಂಟಾರ. ಬರ್ಲಿ ಬಿಡ್ರಿ. ಆದ್ರ ಆ ಬಾಗಲದಾಗ ಒಬ್ರು ನಿಂದರಬೇಕು."

"ನಾ ನಿಂದರ್ತೀನ್ರಿ," ಎಂದೆ.

ಶನಿವಾರ ಒಂಬತ್ತೂವರೆಗೆ ಹೋದೆ. ಸಣ್ಣ ಮಂಜು ಬಿದ್ದಿತ್ತು. ಪೊಲೀಸ್ ಕಾರು ಒಂದು ಸುತ್ತು ಬಂದು, ಕಾರ್ ಪಾರ್ಕಿನಲ್ಲಿ ಸ್ವಲ್ಪ ನಿಂತು ಹೋಯಿತು. ಮತ್ತೆ ಬರುತ್ತೇವೆ ಎಂದಿದ್ದರು. ಕಾವಲುಗಾರ ಕೀಲಿಗೊಂಚಲು ಹಿಡಿದು ಬಂದ. ನಾನು ಅವನಿಗೆ ಕ್ಷಮೆ ಕೇಳಿದೆ, ಯಾಕೆಂದೂ ಹೇಳಿದೆ. ಅವನು ನನ್ನನ್ನು ನೋಡಿ, "ಮುಂಬಾಗಿಲು ರಿಪೇರಿ ಮಾಡಿಸಿ ಅಂತ ಎರಡು ವರ್ಷದಿಂದ ಬಡ್ಕೊಳ್ತಾ ಇದೀನಿ," ಎಂದಷ್ಟೇ ಹೇಳಿ ಒಳಗೆ ಹೋದ.

ಅಡುಗೆಮನೆಯಲ್ಲಿ ಅಕ್ಕಾರ ಮತ್ತು ಮೂವರು ಹೆಂಗಸರು ಖಡಕ್ ರೊಟ್ಟಿಯ ಡಬ್ಬಿಗಳನ್ನು ತೆರೆದು ಜೋಡಿಸುತ್ತಿದ್ದರು. ಎಣ್ಣೆಗಾಯಿ, ಶೇಂಗಾ ಚಟ್ನಿ, ಹುಗ್ಗಿ. ಸಭಾಂಗಣದಲ್ಲಿ ಹಾರ್ಮೋನಿಯಂ ಶ್ರುತಿ ಕೇಳುತ್ತಿತ್ತು. ನಾನು ಹಸಿರು ಬಾಗಿಲಿನ ಒಳಗೆ, ಕೈ ಕೊರಳ ಹತ್ತಿರ ಇಟ್ಟುಕೊಂಡು ನಿಂತಿದ್ದೆ. ಬಂದವರೆಲ್ಲ ಚಳಿ ಎಂದು ಕೈಗಳನ್ನು ಜೇಬಿನಲ್ಲಿಟ್ಟುಕೊಂಡಿದ್ದರು. ಪರಿಚಯದ ಮುಖಗಳೇ ಆದರೂ ಕೈ ಹೊರಗೆ ಬರುವವರೆಗೆ ನಾನು ಬಾಗಿಲಿನಿಂದ ಸರಿಯುತ್ತಿರಲಿಲ್ಲ.

"ಏನ್ರಿ, ಬೀಗರ ದಾರಿ ಕಾಯ್ದಂಗ ಬಾಗಲಾ ಹಿಡಕೊಂಡು ನಿಂತೀರಿ?" ಎಂದರು ಅಕ್ಕಾರ.

ಹತ್ತು ಗಂಟೆ ಇಪ್ಪತ್ತೈದು ನಿಮಿಷಕ್ಕೆ ಒಬ್ಬ ಬಿಳಿಯ ಮನುಷ್ಯ ಕಾರ್ ಪಾರ್ಕನ್ನು ನಡೆದು ದಾಟಿ ಬಂದ. ಅರವತ್ತರ ಮೇಲಿನ ವಯಸ್ಸು. ನೀಟಾಗಿ ಬೋಳಿಸಿದ ಗಡ್ಡ, ಬೂದು ಬಣ್ಣದ ಮಳೆಕೋಟು, ಎಡಗೈಯಲ್ಲಿ ಅಂಗಡಿಯ ದಪ್ಪ ಚೀಲ. ಮುಂಬಾಗಿಲ ಕಡೆ ನೋಡಲೂ ಇಲ್ಲ. ನೇರ ಹಸಿರು ಬಾಗಿಲಿಗೆ ಬಂದು ನಿಂತ.

"ಎಂಪಿ ಬಂದಿದಾರಾ?"

"ಇಲ್ಲ. ಇವತ್ತು ಬರಲ್ಲ."

"ಬರ್ತಾರೆ ಅಂತ ಬರೆದಿತ್ತು."

"ಹೌದು. ಬರೆದಿತ್ತು."

ನಾನು ಗುಂಡಿ ಒತ್ತಿದೆ. ಅದಕ್ಕೆ ಸದ್ದಿಲ್ಲ. ಒತ್ತಿತೋ ಇಲ್ಲವೋ ತಿಳಿಯದೆ ಇನ್ನೊಮ್ಮೆ ಒತ್ತಿದೆ. ಬಾಗಿಲು ಮುಚ್ಚಬೇಕಿತ್ತು. ಕೈ ಚಾಚುವಷ್ಟರಲ್ಲಿ ನನ್ನ ಹಿಂದಿನಿಂದ ಅಕ್ಕಾರ ಬಂದರು.

"ಹಲೋ, ಹಲೋ! ಫೇಸ್‌ಬುಕ್ ನೋಡಿ ಬಂದ್ರಾ? ಕಮ್, ಕಮ್ ಇನ್ಸೈಡ್. ಟೂ ಕೋಲ್ಡ್." ನನಗೆ, "ಸರೀರಿ ಹಿಂದ, ಬಂದವ್ರನ್ನ ಹೊರಗ ನಿಂದ್ರಸ್ತಾರೇನು?" ಎಂದು ಅವನ ತೋಳು ಹಿಡಿದೇ ಒಳಗೆ ಕರೆದುಕೊಂಡು ಬಂದು, ಅಡುಗೆಮನೆಯ ಮೇಜಿನ ಮುಂದೆ ಕೂರಿಸಿದರು. ಎದುರಿಗೆ ತಟ್ಟೆ ಬಂತು.

ಅವನು ಚೀಲವನ್ನು ತೊಡೆಯ ಮೇಲಿಟ್ಟುಕೊಂಡು ಎಡಗೈಯಿಂದ ಅದರ ಬಾಯಿ ಹಿಡಿದಿದ್ದ. ಬಲಗೈಯಿಂದ ರೊಟ್ಟಿ ಮುರಿದ. ನಾನು ಅವನಿಗೂ ಒಲೆಯ ಬಳಿಯಿದ್ದ ಹೆಂಗಸರಿಗೂ ನಡುವೆ ನಿಂತೆ. ಸಭಾಂಗಣದಲ್ಲಿ ಹಾಡು ಶುರುವಾಗಿತ್ತು. ಇಪ್ಪತ್ತು ಮಕ್ಕಳಾದರೂ ಅಲ್ಲಿದ್ದರು, ನಡುವೆ ಇದ್ದದ್ದು ಒಂದು ತೂಗುಬಾಗಿಲು.

"ಇದು ಬಹಳ ಗಟ್ಟಿ," ಎಂದ.

"ಡಿಪ್, ಡಿಪ್," ಎಂದು ಅಕ್ಕಾರ ಎಣ್ಣೆಗಾಯಿಯ ರಸವನ್ನು ತೋರಿಸಿದರು.

ಅವನು ಅದ್ದಿ ತಿಂದ. ಚೀಲದ ಮೇಲಿನ ಕೈ ಕದಲಲಿಲ್ಲ. ಸ್ವಲ್ಪ ಹೊತ್ತಾದ ಮೇಲೆ ತಲೆ ಎತ್ತದೆ ನನಗೆ ಕೇಳಿದ:

"ನಿಮಗೆ ನನ್ನ ಹೆದರಿಕೆ ಇದೆಯಲ್ಲ?"

"ಇದೆ."

ತಲೆಯಾಡಿಸಿದ. "ಇಷ್ಟು ಜನ ಇರ್ತಾರೆ ಅಂದ್ಕೊಂಡಿರಲಿಲ್ಲ," ಎಂದ. "ಅವರೊಬ್ಬರೇ ಇರ್ತಾರೆ ಅಂದ್ಕೊಂಡಿದ್ದೆ."

ಆ ಮಾತನ್ನು ಅವನು ಹೇಗೆ ಹೇಳಿದ ಎಂದು ಪೊಲೀಸರು ಆಮೇಲೆ ಎರಡು ಸಲ ಕೇಳಿದರು. ಮೆಲ್ಲಗೆ ಹೇಳಿದ ಎಂದಷ್ಟೇ ನನಗೆ ಹೇಳಲು ಸಾಧ್ಯವಾಯಿತು.

ಹತ್ತು ಮೂವತ್ತೆಂಟಕ್ಕೆ ಇಬ್ಬರು ಪೊಲೀಸರು ಹಸಿರು ಬಾಗಿಲಿನಿಂದ ಒಳಗೆ ಬಂದರು. ಒಬ್ಬರು ಅವನ ಎಡಗೈಯನ್ನು, ಇನ್ನೊಬ್ಬರು ಚೀಲವನ್ನು ಹಿಡಿದರು. ಅವನು ವಿರೋಧಿಸಲಿಲ್ಲ. ಎದ್ದು ನಿಂತು, ಬಾಯಲ್ಲಿದ್ದುದನ್ನು ನುಂಗಿ, ಅಕ್ಕಾರ ಕಡೆ ನೋಡಿ ಥ್ಯಾಂಕ್ಯೂ ಎಂದ. ಅವರು ಹೊರಗೆ ಹೋದ ಮೇಲೆ ಅಕ್ಕಾರ ನನ್ನ ಮೇಲೆ ಸಿಟ್ಟಾದರು.

"ಉಣ್ಣೂ ಮನಷ್ಯಾನ್ನ ಎಬ್ಬಿಸಿಕೊಂಡು ಹೋಗ್ತಾರೇನ್ರಿ? ಏನು ಮಾಡ್ಯಾನಂವ? ನೀವ ಕರದ್ರೇನು ಅವ್ರನ್ನ?"

"ಹೌದ್ರಿ."

"ಯಾಕ?"

ಅಧ್ಯಕ್ಷರು ಬಂದು ಅವರನ್ನು ಪಕ್ಕಕ್ಕೆ ಕರೆದುಕೊಂಡು ಹೋಗಿ ಹೇಳಿದರು. ಅಕ್ಕಾರ ವಾಪಸು ಬಂದು ಆ ಅರ್ಧ ಉಂಡ ತಟ್ಟೆಯ ಮುಂದೆ ಕೂತರು. ಬಹಳ ಹೊತ್ತು ಅದನ್ನು ತೆಗೆಯಲಿಲ್ಲ. ಆ ದಿನ ಊಟಕ್ಕೆ ಬಂದವರಲ್ಲಿ ಹೊರಗಿನವನು ಅವನೊಬ್ಬನೇ.

ಚೀಲವನ್ನು ಕಾರ್ ಪಾರ್ಕಿನಲ್ಲಿ ತೆರೆದರು. ನಾನು ಬಾಗಿಲ ಬಳಿಯೇ ಇದ್ದುದರಿಂದ ಒಳಗಿದ್ದದ್ದನ್ನು ನೋಡಲಿಲ್ಲ. ಅಧಿಕಾರಿ ಹೇಳಿದ್ದು: ಪತ್ರಗಳ ಒಂದು ಕಡತ, ಎರಡು ಸೇಬು, ಮರದ ಹಿಡಿಯ ಒಂದು ಮಡಿಸುವ ಚಾಕು. ಹಲ್ಲು ಸರಿಯಿಲ್ಲ, ಸೇಬನ್ನು ಹೆಚ್ಚಿಕೊಂಡೇ ತಿನ್ನುವುದು ಎಂದು ಅವನು ಹೇಳಿಕೆ ಕೊಟ್ಟಿದ್ದಾನೆ. ಇಮೇಲ್ ತನ್ನದೇ ಎಂದು ಒಪ್ಪಿದ್ದಾನೆ. ಪತ್ರಗಳು ಅವನ ಹೆಂಡತಿಯನ್ನು ಆಸ್ಪತ್ರೆಯೊಂದರಿಂದ ಬೇಗ ಮನೆಗೆ ಕಳುಹಿಸಿದ್ದರ ಬಗ್ಗೆ. ಅವಳು ತೀರಿಕೊಂಡು ಎರಡು ವರ್ಷವಾಗಿದೆ. ನಮ್ಮ ದಾಖಲೆಯಲ್ಲಿ ಅವನ ಹನ್ನೊಂದು ಪತ್ರಗಳಿವೆ, ಎರಡಕ್ಕೆ ಉತ್ತರ ಹೋಗಿದೆ. ಕೊನೆಯ ಐದು ಪತ್ರಗಳು ಬೈಗುಳದ ಕಡತದಲ್ಲಿದ್ದವು. ಅವುಗಳಲ್ಲಿ ಎರಡನ್ನು ಅಲ್ಲಿಗೆ ಸೇರಿಸಿದವನು ನಾನು. ಆ ಎರಡರಲ್ಲೂ ಬೈಗುಳವಿತ್ತು.

ಸೋಮವಾರ ಲಂಡನ್ನಿಗೆ ಹೊರಡುವ ಮೊದಲು ಮೇಡಂ ಆ ಹನ್ನೊಂದು ಪತ್ರಗಳನ್ನು ಕೇಳಿ ತರಿಸಿಕೊಂಡು ರೈಲಿಗೆ ತೆಗೆದುಕೊಂಡು ಹೋದರು. ವಾಪಸು ಬಂದ ಮೇಲೆ ಅವುಗಳ ಬಗ್ಗೆ ನನ್ನೊಡನೆ ಮಾತಾಡಲಿಲ್ಲ. ಪ್ರಕರಣ ನ್ಯಾಯಾಲಯದ ಮುಂದೆ ಬರಲಿರುವುದರಿಂದ ಕಚೇರಿಯಲ್ಲಿ ಯಾರೂ ಮಾತಾಡುವಂತಿರಲಿಲ್ಲ.

ಆ ಮನುಷ್ಯ ಜಾಮೀನಿನ ಮೇಲೆ ಹೊರಗಿದ್ದಾನೆ. ಸಂಸದೆಯ ಹತ್ತಿರ ಹೋಗಬಾರದು, ಬರೆಯಬಾರದು ಎಂಬ ಷರತ್ತಿದೆ. ಸಾಕ್ಷಿಗಳ ಪಟ್ಟಿಯಲ್ಲಿ ನನ್ನ ಮತ್ತು ಅಕ್ಕಾರ ಹೆಸರುಗಳಿವೆ. ಸಭಾಂಗಣದ ಮುಂಬಾಗಿಲು ರಿಪೇರಿಯಾಗಿದೆ. ಬಳಗದ ಗುಂಪಿನಲ್ಲಿ ಪ್ರಕಟಣೆಗಳು ಈಗಲೂ ಎರಡು ಭಾಷೆಯಲ್ಲಿ ಬರುತ್ತವೆ, ಫೇಸ್‌ಬುಕ್ಕಿಗೆ ಹೋಗುವುದಿಲ್ಲ. ಮುಂದಿನ ಚುನಾವಣೆಗೆ ನಿಲ್ಲುತ್ತೀರಾ ಎಂದು ಸ್ಥಳೀಯ ಪತ್ರಿಕೆ ಕೇಳಿದ್ದಕ್ಕೆ ಮೇಡಂ ಇನ್ನೂ ಉತ್ತರ ಕೊಟ್ಟಿಲ್ಲ.

ನಾನು ಅದೇ ಕಚೇರಿಯಲ್ಲಿ, ಅದೇ ಮೇಜಿನಲ್ಲಿದ್ದೇನೆ. ಮುಂದಿನ ಸರ್ಜರಿ ಬರುವ ಶುಕ್ರವಾರ, ಹತ್ತೂವರೆಗೆ. ಸ್ಥಳವನ್ನು ನನಗೆ ತಿಳಿಸಿಲ್ಲ.